ಚಂದ್ರಿ ಆಮೇಲೆ ಎಲ್ಲಿ ಹೋದಳು?

ಹೋದ ಬೇಸಿಗೆಯಲ್ಲಿ ಊರಿಗೆ ಹೋಗಿದ್ದಾಗ ಅಜ್ಜಿಗೆ 'ಸಂಸ್ಕಾರ' ಸಿನಿಮಾ ತೋರಿಸಿದೆ. ಅಮೃತೂರಿನ ನಮ್ಮ ಮನೆಯ ಪಡಸಾಲೆಯಲ್ಲಿ, ಸ್ಟೂಲಿನ ಮೇಲೆ ಲ್ಯಾಪ್‌ಟಾಪ್ ಇಟ್ಟು, ಕರೆಂಟು ಹೋದಾಗ ನಿಲ್ಲಿಸಿ, ಬಂದಾಗ ಮುಂದುವರಿಸಿ, ಒಟ್ಟು ಎರಡು ಮಧ್ಯಾಹ್ನ ಹಿಡಿಯಿತು. ಅಜ್ಜಿ ಸಿನಿಮಾ ನೋಡುವುದೇ ಹಾಗೆ. ಒಂದು ಕಡೆ ಅವರೆಕಾಯಿ ಸುಲಿಯುತ್ತಲೋ ಎಲೆಅಡಿಕೆ ಹಾಕಿಕೊಳ್ಳುತ್ತಲೋ ಕೂತಿರುತ್ತಾಳೆ, ನೋಡುತ್ತಿಲ್ಲವೇನೋ ಅನ್ನಿಸುತ್ತದೆ. ಆದರೆ ಒಂದು ಎಳೆಯೂ ತಪ್ಪಿಸಿಕೊಂಡಿರುವುದಿಲ್ಲ. ಪ್ರಾಣೇಶಾಚಾರ್ಯರು ಅಗ್ರಹಾರ ಬಿಟ್ಟು ಹೊರಟ ಮೇಲೆ ಸುಮಾರು ಹೊತ್ತು ಸುಮ್ಮನಿದ್ದವಳು ಇದ್ದಕ್ಕಿದ್ದಂತೆ ಕೇಳಿದಳು: "ಹೆಣ ಸುಡ್ಸಿದ್ದು ಆ ಹೆಂಗ್ಸಲ್ವಾ? ಆಮೇಲೆ ಅವ್ಳು ಎಲ್ಲೋದ್ಲು ಮಗಾ?"

ನನ್ನ ಪಿಎಚ್‌ಡಿ ಕನ್ನಡದ ಹೊಸ ಅಲೆಯ ಸಿನಿಮಾಗಳ ನಟಿಯರ ಬಗ್ಗೆ. ಮೂರು ವರ್ಷದಿಂದ ನಾನು ಕೇಳಿಕೊಳ್ಳಲು ಒದ್ದಾಡುತ್ತಿದ್ದ ಪ್ರಶ್ನೆಯನ್ನು ಅಜ್ಜಿ ಒಂದೇ ಉಸಿರಿಗೆ ಕೇಳಿಬಿಟ್ಟಿದ್ದಳು.

ಕಥೆಯ ಮಟ್ಟಿಗೆ ಉತ್ತರ ಸುಲಭ. ಯು.ಆರ್. ಅನಂತಮೂರ್ತಿಯವರ ಕಾದಂಬರಿ ಬಂದದ್ದು 1965ರಲ್ಲಿ. ದೂರ್ವಾಸಪುರದ ಅಗ್ರಹಾರದಲ್ಲಿ ನಾರಣಪ್ಪ ಪ್ಲೇಗಿನಿಂದ ಸಾಯುತ್ತಾನೆ. ಬ್ರಾಹ್ಮಣ್ಯವನ್ನು ಬಿಟ್ಟವನ ಹೆಣಕ್ಕೆ ಸಂಸ್ಕಾರ ಮಾಡಬೇಕೋ ಬೇಡವೋ, ಮಾಡುವುದಾದರೆ ಯಾರು, ಎಂದು ಅಗ್ರಹಾರದವರು ಚರ್ಚೆ ಮಾಡುತ್ತಲೇ ಇರುತ್ತಾರೆ, ಹೆಣ ಕೊಳೆಯುತ್ತಲೇ ಇರುತ್ತದೆ. ಅವನೊಂದಿಗೆ ಬಾಳಿದ ಚಂದ್ರಿ ಮೈಮೇಲಿನ ಒಡವೆಗಳನ್ನು ತೆಗೆದು ಆಚಾರ್ಯರ ಮುಂದಿಡುತ್ತಾಳೆ. ಅದನ್ನು ನೋಡಿದ್ದೇ ಅದುವರೆಗೆ ಹಿಂಜರಿಯುತ್ತಿದ್ದವರ ಶಾಸ್ತ್ರವೆಲ್ಲ ಚಿನ್ನದ ಕಡೆ ವಾಲುತ್ತದೆ. ಕಾಡಿನ ಕತ್ತಲಲ್ಲಿ ಆಚಾರ್ಯರೂ ಚಂದ್ರಿಯೂ ಸೇರುತ್ತಾರೆ. ಕೊನೆಗೆ ಶಾಸ್ತ್ರಗ್ರಂಥಗಳು ಕೊಡದ ಉತ್ತರವನ್ನು ಚಂದ್ರಿಯೇ ಕಂಡುಕೊಳ್ಳುತ್ತಾಳೆ. ಮೀನಿನ ವ್ಯಾಪಾರದ ಅಹ್ಮದ್ ಬ್ಯಾರಿಯ ಸಹಾಯದಿಂದ ರಾತ್ರೋರಾತ್ರಿ ಹೆಣವನ್ನು ಸುಡಿಸಿ, ಯಾರಿಗೂ ಹೇಳದೆ ಕುಂದಾಪುರದ ದಾರಿ ಹಿಡಿಯುತ್ತಾಳೆ. ಅಲ್ಲಿಂದ ಮುಂದೆ ಕಥೆ ಪೂರ್ತಿ ಆಚಾರ್ಯರದು. ಹೆಣ ಸುಟ್ಟಾಯಿತು ಎನ್ನುವುದೇ ಅಗ್ರಹಾರಕ್ಕೆ ಗೊತ್ತಿಲ್ಲ. ಕಗ್ಗಂಟನ್ನು ಬಿಡಿಸಿದವಳು ಕಗ್ಗಂಟಿನ ಕಥೆಯಿಂದ ಅರ್ಧದಲ್ಲೇ ಹೊರಗೆ ಹೋಗುತ್ತಾಳೆ.

"ಕುಂದಾಪುರಕ್ಕೆ ಹೋದ್ಲಜ್ಜಿ" ಅಂದೆ. ಅಜ್ಜಿಗೆ ಸಮಾಧಾನವಾಗಲಿಲ್ಲ. "ಅದಲ್ಲ, ಆ ಪಾರ್ಟ್ ಮಾಡಿದ್ ಹೆಂಗಸು?"

ಆ ಪಾರ್ಟ್ ಮಾಡಿದ್ದು ಸ್ನೇಹಲತಾ ರೆಡ್ಡಿ. 1932ರಲ್ಲಿ ಆಂಧ್ರದ ಕ್ರೈಸ್ತ ಕುಟುಂಬದಲ್ಲಿ ಹುಟ್ಟಿದವರು. ಬ್ರಿಟಿಷರ ಆಳ್ವಿಕೆಯ ಮೇಲಿನ ಸಿಟ್ಟಿಗೆ ತಮ್ಮ ಇಂಗ್ಲಿಷ್ ಹೆಸರನ್ನು ಬಿಟ್ಟು ಭಾರತೀಯ ಹೆಸರನ್ನು ಇಟ್ಟುಕೊಂಡವರು, ಭರತನಾಟ್ಯ ಕಲಿತವರು. ಮದ್ರಾಸಿನಲ್ಲಿ 'ಮದ್ರಾಸ್ ಪ್ಲೇಯರ್ಸ್' ಎಂಬ ಹವ್ಯಾಸಿ ಇಂಗ್ಲಿಷ್ ನಾಟಕ ತಂಡವನ್ನು ಕಟ್ಟಿದವರಲ್ಲಿ ಒಬ್ಬರು. ಇಬ್ಸೆನ್, ಶೇಕ್ಸ್‌ಪಿಯರ್, ಟೆನೆಸ್ಸೀ ವಿಲಿಯಮ್ಸ್ ಆಡುತ್ತಿದ್ದ ತಂಡ ಅದು. ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ಸಿನ ಕೆಲಸಕ್ಕೆಂದು ಮದ್ರಾಸಿಗೆ ಬಂದ ಗಿರೀಶ ಕಾರ್ನಾಡರು ಈ ಬಳಗಕ್ಕೆ ಸೇರಿಕೊಂಡರು. ಸ್ನೇಹಲತಾ ಅವರ ಗಂಡ ಪಟ್ಟಾಭಿರಾಮ ರೆಡ್ಡಿ ತೆಲುಗಿನ ಕವಿ. 1939ರಲ್ಲೇ 'ಫಿಡೇಲು ರಾಗಾಲ ಡಜನ್' ಎಂಬ ಸಂಕಲನ ತಂದು ಅಲ್ಲಿನ ಛಂದಸ್ಸಿನ ಮಡಿಯನ್ನು ಮುರಿದ ಮನುಷ್ಯ. ತೆಲುಗು ಸಿನಿಮಾಗಳ ನಿರ್ಮಾಪಕರೂ ಆಗಿದ್ದರು. ಇಬ್ಬರೂ ರಾಮಮನೋಹರ ಲೋಹಿಯಾ ಅವರ ಅನುಯಾಯಿಗಳು. ಅನಂತಮೂರ್ತಿ, ಲಂಕೇಶರನ್ನು ಒಳಗೊಂಡ ಕನ್ನಡದ ಒಂದು ಪೀಳಿಗೆಗೂ ಈ ದಂಪತಿಗೂ ನಂಟು ಹತ್ತಿದ್ದು ಅಲ್ಲೇ, ಸಿನಿಮಾದಿಂದ ಅಲ್ಲ.

ಈ ನಂಟಿನಿಂದ ಹುಟ್ಟಿದ ಸಿನಿಮಾ 'ಸಂಸ್ಕಾರ'. ನಿರ್ಮಾಣ, ನಿರ್ದೇಶನ ಪಟ್ಟಾಭಿಯವರದು. ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯರಾದವರು ಕಾರ್ನಾಡ್. ನಾರಣಪ್ಪನಾಗಿ ಲಂಕೇಶ್. ಸಂಗೀತ ಸರೋದ್ ವಾದಕ ರಾಜೀವ ತಾರಾನಾಥರದು, ಕಲಾ ನಿರ್ದೇಶನ ಚೋಳಮಂಡಲದ ಚಿತ್ರಕಾರ ಎಸ್.ಜಿ. ವಾಸುದೇವ್ ಅವರದು, ಕ್ಯಾಮರಾ ಆಸ್ಟ್ರೇಲಿಯಾದ ಟಾಮ್ ಕೋವನ್ ಅವರದು. ಶೃಂಗೇರಿಯ ಹತ್ತಿರದ ವೈಕುಂಠಪುರದಲ್ಲಿ ಚಿತ್ರೀಕರಣ. ಮದ್ರಾಸಿನ ಸೆನ್ಸಾರ್ ಮಂಡಳಿ ಮೊದಲು ಚಿತ್ರಕ್ಕೆ ಅನುಮತಿಯನ್ನೇ ಕೊಡಲಿಲ್ಲ; ಬ್ರಾಹ್ಮಣ ಸಮುದಾಯವನ್ನು ಕೆರಳಿಸುತ್ತದೆ ಎಂಬ ಭಯ. ಕೇಂದ್ರ ಸರ್ಕಾರದ ಮಟ್ಟದಲ್ಲಿ ಆ ನಿಷೇಧ ತೆರವಾಗಿ 1970ರಲ್ಲಿ ಬಿಡುಗಡೆಯಾಯಿತು. ಆ ವರ್ಷದ ಅತ್ಯುತ್ತಮ ಚಿತ್ರಕ್ಕೆ ಕೊಡುವ ರಾಷ್ಟ್ರಪ್ರಶಸ್ತಿ ಇದಕ್ಕೆ ಬಂತು. ಕನ್ನಡಕ್ಕೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು. 1972ರಲ್ಲಿ ಲೊಕಾರ್ನೋ ಚಿತ್ರೋತ್ಸವದಲ್ಲಿ ಕಂಚಿನ ಚಿರತೆ. ಇವೆಲ್ಲ ನಮ್ಮ ಪಠ್ಯಗಳಲ್ಲಿ ಇವೆ, ಪರೀಕ್ಷೆಗೂ ಬರುತ್ತವೆ.

ಬರದೇ ಇರುವುದು ಸ್ನೇಹಲತಾ ಅವರ ನಟನೆ. ನಾಲ್ಕೈದು ಸಲ ನೋಡಿದ ಮೇಲೆ ನನಗೆ ಹೊಳೆದ ಒಂದೆರಡು ಮಾತು ಹೇಳುತ್ತೇನೆ. ಚಿತ್ರೀಕರಣದ ಹೊತ್ತಿಗೆ ಅವರಿಗೆ ಮೂವತ್ತೇಳರ ಆಸುಪಾಸು, ಮಕ್ಕಳು ಬೆಳೆದಿದ್ದರು. ಮುಖ್ಯವಾಹಿನಿಯ ಸಿನಿಮಾ ಆ ವಯಸ್ಸಿನ ನಟಿಗೆ ಅತ್ತಿಗೆಯದೋ ತಾಯಿಯದೋ ಸೀರೆ ಉಡಿಸುತ್ತಿತ್ತು. ಇಲ್ಲಿ ಅವರು ಇಡೀ ಅಗ್ರಹಾರದ ಗಂಡಸರ ಕಣ್ಣು ಕದ್ದು ನೋಡುವ ಹೆಣ್ಣು. ಚೆಲುವನ್ನು ಅವರು ಪ್ರದರ್ಶಿಸುವುದಿಲ್ಲ. ಚಂದ್ರಿ ತನ್ನ ಚೆಲುವು ಗೊತ್ತಿದ್ದೂ ಅದರ ಬಗ್ಗೆ ಈಗ ಯೋಚಿಸಲು ಪುರುಸೊತ್ತಿಲ್ಲದವಳ ಹಾಗೆ ಇದ್ದಾಳೆ. ಮನೆಯೊಳಗೆ ಹೆಣ ಬಿದ್ದಿದೆ. ಮಾತು ಬಹಳ ಕಡಿಮೆ. ಸುತ್ತಲಿನ ಗಂಡಸರೆಲ್ಲ ಮಾತಾಡುತ್ತಾರೆ, ಅವಳು ಕಾಯುತ್ತಾಳೆ. ಇಂಗ್ಲಿಷ್ ರಂಗಭೂಮಿಯಲ್ಲಿ ಮಾತಿನ ಮೇಲೆಯೇ ನಿಂತ ನಾಟಕಗಳನ್ನು ಆಡಿ ಬಂದ ನಟಿ, ತನ್ನ ಮನೆಮಾತಲ್ಲದ ಕನ್ನಡದ ಸಿನಿಮಾದಲ್ಲಿ, ಮಾತನ್ನು ಕೆಳಗಿಟ್ಟು ಕೂರುವ ರೀತಿಯಲ್ಲೇ ಪಾತ್ರವನ್ನು ಹಿಡಿಯುತ್ತಾರೆ. ಕಾರ್ನಾಡರ ಆಚಾರ್ಯ ತನ್ನ ತಳಮಳವನ್ನು ಮುಖದ ಮೇಲೆ ಕಾಣಿಸಬೇಕು, ಪಾತ್ರವೇ ಅಂಥದ್ದು. ಸ್ನೇಹಲತಾ ಅವರದು ಅದಕ್ಕಿಂತ ಕಷ್ಟದ ಕೆಲಸ ಎಂದು ನನ್ನ ಅಭಿಪ್ರಾಯ. ತಪ್ಪಿತಸ್ಥ ಭಾವ ಇಲ್ಲದ ಒಬ್ಬಳನ್ನು, ಅದು ಬಿಟ್ಟರೆ ಬೇರೇನೂ ಇಲ್ಲದ ಜನರ ನಡುವೆ ಕೂರಿಸಿ ನಂಬಿಸಬೇಕು. ಅಜ್ಜಿಗಂತೂ ನಂಬಿಕೆ ಬಂದಿತ್ತು.

ಇಲ್ಲಿ ಒಂದು ಮಾತು. ಆ ಸಿನಿಮಾದ ಗಂಡಸರು ಆಮೇಲೆ ಎಲ್ಲಿ ಹೋದರು ಎಂದು ಯಾರೂ ಕೇಳಬೇಕಿಲ್ಲ. ಅನಂತಮೂರ್ತಿಯವರಿಗೆ 1994ರಲ್ಲಿ, ಕಾರ್ನಾಡರಿಗೆ 1998ರಲ್ಲಿ ಜ್ಞಾನಪೀಠ. ಲಂಕೇಶರು 1976ರಲ್ಲಿ 'ಪಲ್ಲವಿ' ಮಾಡಿದರು, 1980ರಲ್ಲಿ ಪತ್ರಿಕೆ ಶುರುಮಾಡಿದರು. ಅದೇ ದಶಕದ ನಟಿಯರ ಸಾಲನ್ನು ನೋಡಿ. 1973ರ 'ಕಾಡು' ಚಿತ್ರಕ್ಕೆ ನಂದಿನಿ ಭಕ್ತವತ್ಸಲ ಅವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಆ ಬಳಿಕ ತೆರೆಯ ಮೇಲೆ ಅವರು ಕಂಡದ್ದು ಬಹಳ ಕಡಿಮೆ. 'ವಂಶವೃಕ್ಷ'ದ ಎಲ್.ವಿ. ಶಾರದಾ ಅಪವಾದ. ಅವರು 'ಭೂತಯ್ಯನ ಮಗ ಅಯ್ಯು'ವಿನಲ್ಲೂ ಇದ್ದಾರೆ, 1983ರ 'ಫಣಿಯಮ್ಮ'ದಲ್ಲಿ ಇಡೀ ಸಿನಿಮಾವನ್ನೇ ಹೊತ್ತಿದ್ದಾರೆ. ಆದರೆ 'ಫಣಿಯಮ್ಮ' ಮಾಡಿದ್ದು ಪ್ರೇಮಾ ಕಾರಂತ, ಕಾದಂಬರಿ ಎಂ.ಕೆ. ಇಂದಿರಾ ಅವರದು. ಹೆಂಗಸರು ಕ್ಯಾಮರಾದ ಹಿಂದೆ ಬಂದಾಗ ಶಾರದಾ ಅವರಿಗೆ ಅಂಥ ಪಾತ್ರ ಸಿಕ್ಕಿತು ಎನ್ನುವುದನ್ನು ಕಾಕತಾಳೀಯ ಎಂದು ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಹೊಸ ಅಲೆ ಹೆಣ್ಣಿನ ಮೇಲಿನ ಅನ್ಯಾಯದ ಬಗ್ಗೆ ಎಡೆಬಿಡದೆ ಸಿನಿಮಾ ಮಾಡಿತು. ವಿಧವೆ, ಸೂಳೆ, ಘಟಶ್ರಾದ್ಧವಾದವಳು, ಎಲ್ಲರೂ ಬಂದರು. ಪಾತ್ರ ಮಾಡಿದ ಹೆಂಗಸರಿಗೆ ಮುಂದಿನ ಕೆಲಸ ಇತ್ತೇ ಎಂದು ಮಾತ್ರ ಹೆಚ್ಚು ತಲೆ ಕೆಡಿಸಿಕೊಂಡಂತೆ ಕಾಣುವುದಿಲ್ಲ.

ನಾನು ಓದುತ್ತಿರುವ ವಿಷಯದಲ್ಲಿ ಹೋಲಿಕೆಗೆ ಪದೇಪದೇ ಎದುರಾಗುವವರು ಫ್ರಾನ್ಸಿನ ನಟಿ ಡೆಲ್ಫೀನ್ ಸೆರಿಗ್. ಅವರೂ 1932ರಲ್ಲೇ ಹುಟ್ಟಿದವರು, ಬೈರೂತಿನಲ್ಲಿ. ಅಲೆನ್ ರೆನೆಯ 'ಲಾಸ್ಟ್ ಇಯರ್ ಅಟ್ ಮರಿಯನ್‌ಬಾದ್' (1961) ಅವರನ್ನು ಯುರೋಪಿನ ಕಲಾತ್ಮಕ ಸಿನಿಮಾದ ಮುಖವನ್ನಾಗಿಸಿತು. ಗರಿ ಸಿಕ್ಕಿಸಿಕೊಂಡು ಮೆಟ್ಟಿಲ ಮೇಲೆ ನಿಲ್ಲುವ ಆ ಗೊಂಬೆಯಂಥ ಚೆಲುವಿನಿಂದ ಹೊರಬರಲು ಸೆರಿಗ್ ದಾರಿ ಹುಡುಕುತ್ತಲೇ ಇದ್ದರು. 1971ರಲ್ಲಿ ಗರ್ಭಪಾತದ ಹಕ್ಕಿಗಾಗಿ 343 ಹೆಂಗಸರು ಸಹಿ ಹಾಕಿದ ಪ್ರಣಾಳಿಕೆಯಲ್ಲಿ ಅವರ ಹೆಸರಿದೆ. ಹಾಗೆ ಸಹಿ ಹಾಕುವುದೆಂದರೆ ತಾನು ಕಾನೂನು ಮುರಿದಿದ್ದೇನೆ ಎಂದು ಬರೆದುಕೊಟ್ಟಂತೆ. 1975ರಲ್ಲಿ, ಇನ್ನೂ ಇಪ್ಪತ್ತೈದರ ಶಾಂಟಾಲ್ ಅಕರ್‌ಮನ್ ಅವರ 'ಜ್ಯಾನ್ ದೀಲ್‌ಮನ್' ಚಿತ್ರದಲ್ಲಿ ಮೂರು ಗಂಟೆಗೂ ಹೆಚ್ಚು ಹೊತ್ತು ಆಲೂಗಡ್ಡೆ ಸುಲಿದರು, ಪಾತ್ರೆ ತೊಳೆದರು, ಹಾಸಿಗೆ ಸರಿಮಾಡಿದರು. 2022ರಲ್ಲಿ 'ಸೈಟ್ ಅಂಡ್ ಸೌಂಡ್' ಪತ್ರಿಕೆಯ ವಿಮರ್ಶಕರ ಮತದಾನದಲ್ಲಿ ಅದು ಸಾರ್ವಕಾಲಿಕ ಶ್ರೇಷ್ಠ ಚಿತ್ರವೆಂದು ಮೊದಲ ಸ್ಥಾನಕ್ಕೆ ಬಂತು. ಅದೇ ಎಪ್ಪತ್ತರ ದಶಕದ ನಡುವೆ ಸೆರಿಗ್ ತಾವೇ ವಿಡಿಯೊ ಕ್ಯಾಮರಾ ಹಿಡಿದು ಇತರ ನಟಿಯರ ಮುಂದೆ ಕೂತರು. ನಿಮಗೆ ಎಂಥ ಪಾತ್ರ ಕೊಡುತ್ತಾರೆ, ಗಂಡಸಾಗಿದ್ದರೆ ನಟರಾಗುತ್ತಿದ್ದಿರಾ ಎಂದು ಕೇಳುತ್ತಾ ಹೋದರು. 1982ರಲ್ಲಿ ಗೆಳತಿಯರ ಜೊತೆ ಸೇರಿ ಸಿಮೋನ್ ದ ಬೊವಾ ಹೆಸರಿನ ದೃಶ್ಯಶ್ರಾವ್ಯ ಕೇಂದ್ರ ಕಟ್ಟಿದರು, ಹೆಂಗಸರು ಮಾಡಿದ ಮತ್ತು ಹೆಂಗಸರ ಬಗೆಗಿನ ದೃಶ್ಯಗಳನ್ನು ಕಾಪಿಡಲೆಂದೇ. 1990ರಲ್ಲಿ ತೀರಿಕೊಂಡರು.

ಒಂದೇ ವರ್ಷ ಹುಟ್ಟಿದ ಇಬ್ಬರು ನಟಿಯರು. ಇಬ್ಬರೂ ರಂಗಭೂಮಿಯಿಂದ ಬಂದವರು, ಇಬ್ಬರೂ ಕ್ಯಾಮರಾ ನಿಂತ ಮೇಲೂ ಸುಮ್ಮನೆ ಕೂರದವರು. ಸೆರಿಗ್ ಕ್ಯಾಮರಾ ಹಿಡಿದ ಅದೇ ಹೊತ್ತಿನಲ್ಲಿ ಸ್ನೇಹಲತಾ ಎಲ್ಲಿದ್ದರು ಎಂಬಲ್ಲಿಗೆ ಅಜ್ಜಿಯ ಪ್ರಶ್ನೆ ನನ್ನನ್ನು ತಂದು ನಿಲ್ಲಿಸುತ್ತದೆ.

1975ರ ಜೂನ್ 25ರ ರಾತ್ರಿ ತುರ್ತುಪರಿಸ್ಥಿತಿ ಘೋಷಣೆಯಾಯಿತು. ಬೆಂಗಳೂರಿನಲ್ಲಿ ನೆಲೆಸಿದ್ದ ರೆಡ್ಡಿ ದಂಪತಿ ಅದರ ವಿರುದ್ಧ ನಿಂತ ಸಮಾಜವಾದಿಗಳ ಬಳಗದವರು, ಭೂಗತರಾಗಿದ್ದ ಜಾರ್ಜ್ ಫರ್ನಾಂಡಿಸ್ ಅವರ ಸ್ನೇಹಿತರು. 1976ರ ಮೇ 1ರಂದು ಜಾರ್ಜ್ ಅವರ ತಮ್ಮ ಲಾರೆನ್ಸ್ ಅವರನ್ನು ಬೆಂಗಳೂರಿನಲ್ಲಿ ಪೊಲೀಸರು ಹಿಡಿದು ಚಿತ್ರಹಿಂಸೆ ಕೊಟ್ಟರು. ಮಾರನೆಯ ದಿನ, ಮೇ 2ರಂದು, ಸ್ನೇಹಲತಾ ಅವರ ಬಂಧನವಾಯಿತು. ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ ಹಿಡಿದರು. ಆದರೆ ಆ ಪ್ರಕರಣದ ಆರೋಪಪಟ್ಟಿ ಸಲ್ಲಿಕೆಯಾದಾಗ ಅದರಲ್ಲಿ ಅವರ ಹೆಸರೇ ಇರಲಿಲ್ಲ. ಆದರೂ ಬಿಡಲಿಲ್ಲ. ವಿಚಾರಣೆಯಿಲ್ಲದೆ ಕೂಡಿಹಾಕಲು ಮೀಸಾ ಕಾಯ್ದೆ ಇತ್ತಲ್ಲ. ಎಂಟು ತಿಂಗಳಿಗೂ ಮೇಲೆ ಬೆಂಗಳೂರು ಸೆಂಟ್ರಲ್ ಜೈಲಿನಲ್ಲಿ ಅವರನ್ನು ಇಟ್ಟರು.

ಅದೇ ಜೈಲಿನಲ್ಲಿ ದೊಡ್ಡದೊಡ್ಡವರು ಇದ್ದರು. ಸಂಸದೀಯ ಸಮಿತಿಯ ಕೆಲಸಕ್ಕೆ ಬೆಂಗಳೂರಿಗೆ ಬಂದಿದ್ದಾಗಲೇ ಸೆರೆ ಸಿಕ್ಕ ವಾಜಪೇಯಿ, ಅಡ್ವಾಣಿ, ಮಧು ದಂಡವತೆ. ಅವರದು ರಾಜಕೀಯ ಕೈದಿಗಳ ಗುಂಪು. ಓದು, ಚರ್ಚೆ, ಒಬ್ಬರಿಗೊಬ್ಬರು ಜೊತೆ. ಹೆಂಗಸರ ಕಡೆ ಅಂಥ ಗುಂಪಿರಲಿಲ್ಲ. ಸ್ನೇಹಲತಾ ಒಂಟಿ ಕೋಣೆಯಲ್ಲಿದ್ದರು. ಅವರಿಗೆ ಹಳೆಯ ಅಸ್ತಮಾ ಇತ್ತು, ಜೈಲಿನಲ್ಲಿ ಅದು ಉಲ್ಬಣವಾಯಿತು, ಚಿಕಿತ್ಸೆ ಸರಿಯಾಗಿ ಸಿಗಲಿಲ್ಲ. ರಾತ್ರಿಯ ನಿಶ್ಶಬ್ದದಲ್ಲಿ ಅವರ ಕೋಣೆಯಿಂದ ಕೇಳಿಬರುತ್ತಿದ್ದ ಚೀರಾಟವನ್ನು ದಂಡವತೆ ತಮ್ಮ ನೆನಪುಗಳಲ್ಲಿ ಬರೆದಿದ್ದಾರೆ. ಆ ಸ್ಥಿತಿಯಲ್ಲೇ ಅವರು ಇತರ ಹೆಣ್ಣು ಕೈದಿಗಳನ್ನು ಹೊಡೆಯುವುದರ ವಿರುದ್ಧ, ಕೆಟ್ಟ ಊಟದ ವಿರುದ್ಧ ಜಗಳ ಮಾಡಿದರು. ಆ ಹೆಂಗಸರಿಗೆ ಹಾಡು, ಆಟ ಕಲಿಸಿದರು. ಜೊತೆಗೆ ದಿನಚರಿ ಬರೆದರು. 1977ರಲ್ಲಿ ಅದು ಪುಸ್ತಕವಾಗಿ ಬಂತು. ಜೈಲಿನ ದಿನಚರಿಯನ್ನು ಓದುವಾಗ ನನಗೆ ಮತ್ತೆಮತ್ತೆ ಎದುರಿಗೆ ಬರುವವಳು ಒಬ್ಬ ಕಾರ್ಯಕರ್ತೆಯಷ್ಟೇ ಅಲ್ಲ, ಒಬ್ಬ ನಟಿ ಕೂಡ. ಇನ್ನೊಬ್ಬರ ಮೈಯನ್ನು, ದನಿಯನ್ನು, ನಡೆಯನ್ನು ಗಮನಿಸುವುದು ಯಾರ ಕಸುಬೋ ಅವರು ನೋಡುವ ಹಾಗೆ ಅವರು ಜೈಲನ್ನು ನೋಡುತ್ತಾರೆ.

ಕೊನೆಯ ದಿನಾಂಕಗಳನ್ನು ಒಂದರ ಪಕ್ಕ ಒಂದು ಇಟ್ಟರೆ ಕೈ ನಡುಗುತ್ತದೆ. 1977ರ ಜನವರಿ 15, ಪೆರೋಲ್ ಮೇಲೆ ಹೊರಗೆ. ಜನವರಿ 18, ಇಂದಿರಾ ಗಾಂಧಿಯವರಿಂದ ಚುನಾವಣೆಯ ಘೋಷಣೆ. ಜನವರಿ 20, ಸ್ನೇಹಲತಾ ಅವರ ಸಾವು. ಮಾರ್ಚ್ 21, ತುರ್ತುಪರಿಸ್ಥಿತಿ ರದ್ದು. ಅವರ ಇನ್ನೊಂದು ಕನ್ನಡ ಸಿನಿಮಾ 'ಚಂಡಮಾರುತ' ತೆರೆಗೆ ಬಂದದ್ದು ಅದೇ 1977ರಲ್ಲಿ. ಲಂಕೇಶರ 'ಕ್ರಾಂತಿ ಬಂತು ಕ್ರಾಂತಿ' ನಾಟಕವನ್ನು ಆಧರಿಸಿ ಪಟ್ಟಾಭಿಯವರೇ ಮಾಡಿದ ಚಿತ್ರ. ಕ್ರಾಂತಿಯ ಮಾತಾಡುವವರ ಕಥೆ ಜನರ ಮುಂದೆ ಬರುವ ಹೊತ್ತಿಗೆ ಅದರ ನಟಿ ಇರಲಿಲ್ಲ.

ಹಾಗಾದರೆ ಇದನ್ನು ವೃತ್ತಿಜೀವನ ಎಂದು ಕರೆಯಬಹುದೇ? ನನ್ನ ಅಧ್ಯಾಯದ ಕರಡು ಓದಿದ ಹಿರಿಯರೊಬ್ಬರು ಶೀರ್ಷಿಕೆಯಲ್ಲಿದ್ದ ಆ ಪದದ ಸುತ್ತ ಕೆಂಪು ಶಾಯಿಯ ಗೆರೆ ಎಳೆದಿದ್ದರು. ಕನ್ನಡದಲ್ಲಿ ಎಣಿಸಿದರೆ ಎರಡು ಸಿನಿಮಾ. ಅವರ ಆಕ್ಷೇಪ ಅರ್ಥವಾಗುತ್ತದೆ. ಸ್ನೇಹಲತಾ ಅವರ ಬಗ್ಗೆ ಬರೆದವರೆಲ್ಲ ಸಾವಿನಿಂದ ಹಿಂದಕ್ಕೆ ಬರೆದಿದ್ದಾರೆ: ಹುತಾತ್ಮೆ, ಮೊದಲು ನಟಿಯೂ ಆಗಿದ್ದರು. ವರ್ಷವರ್ಷ ಜೂನ್ 25 ಬಂದಾಗ ಅವರ ಫೋಟೊ ಹಂಚಿಕೊಳ್ಳುವವರಲ್ಲಿ ಎಷ್ಟು ಮಂದಿ 'ಸಂಸ್ಕಾರ' ನೋಡಿದ್ದಾರೋ ಎಂದು ನನಗೆ ಅನುಮಾನ. ಹುತಾತ್ಮೆಯಾಗಿ ನೆನೆಯುವುದು ತಪ್ಪಲ್ಲ. ಆದರೆ ಹಾಗೆ ಮಾತ್ರ ನೆನೆದಾಗ ಆಗಿರುವ ನಷ್ಟದ ಅರ್ಧ ಲೆಕ್ಕಕ್ಕೇ ಬರುವುದಿಲ್ಲ. ಜೈಲು ಒಂದು ಜೀವವನ್ನು ತೆಗೆಯಿತು. ಜೊತೆಗೆ ನಲವತ್ತೈದನೆಯ ವಯಸ್ಸಿನಲ್ಲಿ, ಐವತ್ತರಲ್ಲಿ, ಅರವತ್ತರಲ್ಲಿ ಆ ನಟಿ ಮಾಡಬಹುದಾಗಿದ್ದ ಪಾತ್ರಗಳನ್ನೂ ತೆಗೆಯಿತು. ಸೆರಿಗ್ ಅವರಿಗೆ ತಮ್ಮ ಅತಿ ದೊಡ್ಡ ಪಾತ್ರ ಸಿಕ್ಕಿದ್ದು ನಲವತ್ತು ದಾಟಿದ ಮೇಲೆ. ಶೀರ್ಷಿಕೆಯನ್ನು ನಾನು ಬದಲಿಸಲಿಲ್ಲ.

ಇಷ್ಟನ್ನೂ ಅಜ್ಜಿಗೆ ಹೇಳಿದೆ, ಇಷ್ಟು ಉದ್ದಕ್ಕಲ್ಲ. ಕೇಳುತ್ತಾ ಕೇಳುತ್ತಾ ಅವಳು ಒಂದು ಕಡೆ ತಡೆದಳು. "ಆಗ ಅರಸು ಇದ್ರಲ್ವಾ?"

ಇದ್ದರು. ನಮ್ಮ ಮನೆಯ ಗೋಡೆಯ ಮೇಲೆ ದೇವರ ಪಟಗಳ ಸಾಲಿನ ಕೊನೆಗೆ ದೇವರಾಜ ಅರಸರ ಚಿತ್ರವಿದೆ. 1974ರ ಭೂಸುಧಾರಣೆಯ ಕಾನೂನು ಬಂದಾಗ ತಾತ ಏಳನೇ ನಂಬರಿನ ಫಾರಂ ತುಂಬಿಸಿ ಅರ್ಜಿ ಹಾಕಿ, ಗೇಣಿಗೆ ಮಾಡುತ್ತಿದ್ದ ಹೊಲ ನಮ್ಮದಾದದ್ದು ಅರಸರ ಕಾಲದಲ್ಲಿ. ನಾನು ಓದಿದ್ದು ಆ ಹೊಲದ ರಾಗಿಯಲ್ಲಿ. ಸ್ನೇಹಲತಾ ಸೆಂಟ್ರಲ್ ಜೈಲಿನಲ್ಲಿ ಉಸಿರಿಗೆ ಒದ್ದಾಡುತ್ತಿದ್ದ ಎಂಟು ತಿಂಗಳು ರಾಜ್ಯದ ಮುಖ್ಯಮಂತ್ರಿಯಾಗಿದ್ದವರೂ ಅರಸರೇ. ಎಪ್ಪತ್ತರ ದಶಕದ ಕರ್ನಾಟಕದ ಬಗ್ಗೆ ಬರೆಯುವಾಗ ಈ ಎರಡನ್ನೂ ಒಂದೇ ಪುಟದಲ್ಲಿ ಇಡಲು ನಾವು ಇನ್ನೂ ಕಲಿತಿಲ್ಲ. ಭೂಸುಧಾರಣೆಯ ಇತಿಹಾಸ ಒಂದು ಕಪಾಟಿನಲ್ಲಿ, ತುರ್ತುಪರಿಸ್ಥಿತಿಯದು ಇನ್ನೊಂದರಲ್ಲಿ, ಹೊಸ ಅಲೆಯ ಸಿನಿಮಾದ್ದು ಮತ್ತೊಂದರಲ್ಲಿ. ಮೂರೂ ಆದದ್ದು ಒಂದೇ ರಾಜ್ಯದಲ್ಲಿ, ಒಂದೇ ಐದಾರು ವರ್ಷಗಳಲ್ಲಿ. ಅಜ್ಜಿಗೆ ಕಪಾಟುಗಳ ಗೊಡವೆ ಇಲ್ಲ. ಸ್ವಲ್ಪ ಹೊತ್ತು ಪಟದ ಕಡೆ ನೋಡಿದಳು. "ಅವ್ರಿಗೆ ಗೊತ್ತಿತ್ತೋ ಏನೋ" ಅಂದಳು. ಆಮೇಲೆ, "ಗೊತ್ತಿರ್ದೆ ಏನು" ಎಂದು ತಾನೇ ಸೇರಿಸಿದಳು.

ಮುಂದಿನ ವಾರ ಕುಣಿಗಲ್ಲಿಗೆ ಹೋಗಿ ಬೆಂಗಳೂರಿನ ಬಸ್ಸು ಹಿಡಿದೆ. ಮೆಜೆಸ್ಟಿಕ್ಕಿನಲ್ಲಿ ಇಳಿದು ನಡೆದರೆ ಹಳೆಯ ಸೆಂಟ್ರಲ್ ಜೈಲು ದೂರವಿಲ್ಲ. ಕೈದಿಗಳನ್ನು ಪರಪ್ಪನ ಅಗ್ರಹಾರಕ್ಕೆ ಸಾಗಿಸಿದ ಮೇಲೆ ಅದನ್ನು 2008ರಲ್ಲಿ ಫ್ರೀಡಂ ಪಾರ್ಕ್ ಮಾಡಿದರು. ಹೋಗುವ ದಾರಿ ಗಾಂಧಿನಗರದ್ದು. ಕನ್ನಡ ಚಿತ್ರರಂಗಕ್ಕೆ ಇನ್ನೊಂದು ಹೆಸರೇ ಗಾಂಧಿನಗರ ಎನ್ನುವಂತೆ ನಿರ್ಮಾಪಕರ, ಹಂಚಿಕೆದಾರರ ಆಫೀಸುಗಳಿದ್ದ ಬೀದಿಗಳು. ಸಿನಿಮಾದ ವ್ಯವಹಾರಕ್ಕೂ ಸ್ನೇಹಲತಾ ಅವರನ್ನು ಕೂಡಿಹಾಕಿದ ಗೋಡೆಗೂ ನಡುವೆ ನಡಿಗೆಯ ದೂರ ಮಾತ್ರ ಎಂದು ನನಗೆ ಅಂದು ಮೊದಲ ಸಲ ಕಾಲಿನಿಂದ ಗೊತ್ತಾಯಿತು. ಪಾರ್ಕಿನ ಒಂದು ಬದಿಯಲ್ಲಿ ಯಾವುದೋ ಧರಣಿ ನಡೆಯುತ್ತಿತ್ತು. ಹಸಿರು ಸೀರೆಯ ಹೆಂಗಸರು ಶಾಮಿಯಾನದ ಕೆಳಗೆ ಕೂತಿದ್ದರು, ಮೈಕಿನಲ್ಲಿ ಒಬ್ಬ ಗಂಡಸು ಮಾತಾಡುತ್ತಿದ್ದ.

ಊರಿಗೆ ಫೋನ್ ಮಾಡಿ ಜೈಲು ನೋಡಿದೆ ಅಂದೆ. ಗಾಳಿ ಆಡುತ್ತಾ ಅಲ್ಲಿ ಎಂದು ಅಜ್ಜಿ ಕೇಳಿದಳು. ಈಗ ಆಡುತ್ತೆ ಅಜ್ಜಿ, ಮರ ಬೆಳೆಸಿದ್ದಾರೆ ಎಂದೆ.